ಗಿಲಕಿ ದೊರೆಯ ಪಹಣಿ

ಸರ್ವೆ ನಂಬರು ನಲವತ್ತೇಳು, ಎರ್ರಗುಟ್ಟಹಳ್ಳಿ,
ಗುಡಿಬಂಡೆ ತಾಲ್ಲೂಕು.
ಎರಡು ಎಕರೆ ಹನ್ನೊಂದು ಗುಂಟೆ, ಅದರಲ್ಲಿ ಬಂಡೆಯೇ ಮುಕ್ಕಾಲು.
ಖಾತೆದಾರರ ಹೆಸರು: ಗಿಲಕಿಸನ್ ದೊರೆ ಬಿನ್
ಅಷ್ಟೇ. ಬಿನ್ ಮುಂದೆ ಏನೂ ಇಲ್ಲ.
ನೂರು ವರ್ಷದಿಂದ ಯಾವ ಲೆಕ್ಕಿಗನೂ
ಅವನಿಗೊಬ್ಬ ಅಪ್ಪನನ್ನು ಹುಡುಕಿಕೊಟ್ಟಿಲ್ಲ.

ಸ್ಕಾಟ್ಲೆಂಡಿನವನು. ಇಂಗ್ಲೆಂಡಿನವನೆಂದರೆ ಸಿಟ್ಟಾಗುತ್ತಿದ್ದನಂತೆ,
ನೀವು ಆಂಧ್ರದವರಾ ಅಂದರೆ ನಾವು ಆಗುವ ಹಾಗೆ.
ಚಿನ್ನದ ಗಣಿಯಲ್ಲಿ ಲೆಕ್ಕ ಬರೆಯುತ್ತಿದ್ದವನು
ಷೇರು ಮಾರಿ, ಕುದುರೆ ಏರಿ, ಬಡಗಣಕ್ಕೆ ಬಂದು
ಕಂದಾಯ ಬಾಕಿಗೆ ಹರಾಜಾದ ನೆಲ ಹಿಡಿದ.
ಯಾರ ಬಾಕಿ ಎಂದು ಹಳೆಯ ಕಡತದಲ್ಲಿ ನೋಡಿದ್ದೇನೆ:
ನನ್ನ ಮುತ್ತಜ್ಜಿಯ ತಂದೆ ಗಂಗುಲಪ್ಪನದು.
ಮನೆಯಲ್ಲಿ ಇನ್ನೂ ಹೇಳಿಲ್ಲ.

ಮೊದಲ ವರ್ಷ ಓಟ್ಸ್ ಬಿತ್ತಿದ. ನವಿಲುಗಳು ತಿಂದವು.
ಮರುವರ್ಷ ಮತ್ತೆ ಬಿತ್ತಿದ. ನೆಂಟರನ್ನೂ ಕರೆತಂದವು.
ಮೂರನೆಯ ವರ್ಷ ಯಾರದೋ ಕಣದಲ್ಲಿ ಕೂತು
ಉಪ್ಪು ಹಾಕಿದ ರಾಗಿ ಅಂಬಲಿ ಒಂದು ಬೋಗುಣಿ ಕುಡಿದು
ತೋಳಿನಿಂದ ಕಣ್ಣೊರೆಸಿಕೊಂಡು
ನಮ್ಮಮ್ಮ ಮಾಡಿದ್ದೇ, ಅಂದನಂತೆ.
ಅಂದದ್ದು ತೆಲುಗಿನಲ್ಲಿ. ಅದೇ ಕನ್ನಡವೆಂದು
ಸಾಯುವ ತನಕ ನಂಬಿದ್ದ.
ತಿದ್ದುವವರು ಯಾರು, ಈ ಸೀಮೆಯಲ್ಲಿ?

ಬಾವಿ. ಎಲ್ಲರೂ ಬಾವಿಯ ಮಾತೇ ಆಡುತ್ತಾರೆ.
ಅರವತ್ತಡಿ, ಮೂರು ಬೇಸಿಗೆ.
ಮದ್ದು ಸಿಡಿದು ಸುಂಕುಲಪ್ಪನ ಎರಡು ಬೆರಳು ಹೋದವು,
ಕಲ್ಲಿನಲ್ಲಿ ಕೆತ್ತಿರುವುದು ದೊರೆಯ ಹೆಸರೊಂದೇ.
ಆದರೂ ನೀರು ಬಿದ್ದ ದಿನ
ಮೊದಲ ಕೊಡ ಹೊರಕೇರಿಯ ಈರಕ್ಕನದು ಅಂದ,
ಹಗ್ಗ ತಾನೇ ಹಿಡಿದ.
ಊರಿನವರು ಮೂರು ದಿನ ಮಾತು ಬಿಟ್ಟರು,
ನಾಲ್ಕನೆಯ ದಿನ ಬೇರೆ ಬಾವಿಗೆ ಗುದ್ದಲಿ ಹಾಕಿದರು.
ಉಪ್ಪುನೀರು ಬಂತು.
ದೇವರ ನ್ಯಾಯ, ಅನ್ನುತ್ತಿದ್ದಳು ನಮ್ಮಜ್ಜಿ.
ನಾನು ಭೂಗರ್ಭ ಇಲಾಖೆಯ ನಕ್ಷೆ ನೋಡಿದವಳು,
ಸುಮ್ಮನಿರುತ್ತಿದ್ದೆ.

ಪ್ಲೇಗಿನ ವರ್ಷ, ಊರು ಬಿಟ್ಟವರ ಗುಡಿಸಲಿಗೆಂದು
ತನ್ನ ಕುದುರೆ ಲಾಯವನ್ನೇ ಬಿಚ್ಚಿ ಮರ ಹಂಚಿದ.
ಸತ್ತ ಇಲಿಗೆ ಮೂರು ಕಾಸು ಅಂತ ಟಮಟೆ ಹೊಡೆಸಿದ.
ಹುಡುಗರು ಪಕ್ಕದೂರಿನ ಇಲಿಗಳನ್ನೂ ಬಾಲ ಹಿಡಿದು ತಂದರು.
ಗೊತ್ತಿದ್ದೂ ಎಣಿಸಿ ಕೊಟ್ಟ.
ನಡೆದರೆ ಜೇಬಿನಲ್ಲಿ ಕಾಸು ಗಿಲಗಿಲ,
ಗಿಲಕಿಸನ್ ಹೋಗಿ ಗಿಲಕಿ ದೊರೆಯಾದ.

ಹುಣಿಸೆ ಕದ್ದ ಹುಡುಗನಿಗೆ ಚಾವಟಿಯಲ್ಲಿ ಹೊಡೆದದ್ದೂ ಅವನೇ.
ಸಂಜೆ ಆ ಮನೆಗೆ ಹೋಗಿ ಒಂದು ಅಚ್ಚು ಬೆಲ್ಲ ಇಟ್ಟ.
ಬೆಲ್ಲ ಇಸಿದುಕೊಂಡರು.
ಬಾಸುಂಡೆಯ ಕಥೆ ಬೇರೆ, ಅದು ಆ ಮನೆಯಲ್ಲಿ
ಇನ್ನೂ ಖರ್ಚಾಗಿಲ್ಲ.

ಬಂಡೆಯ ಮೇಲೆ ಗೋರಿ.
ಹುಟ್ಟಿದೂರಿನ ಹೆಸರು ಕೆತ್ತಲು ಹೊರಟವನು
ಕಲ್ಲು ಸಾಲದೆ ನಾಲ್ಕಕ್ಷರಕ್ಕೇ ಉಳಿ ಎತ್ತಿಟ್ಟಿದ್ದಾನೆ.
ಒಂದು ಮೂಲೆ ಸವೆದು ಚೌತಿ ಚಂದ್ರನ ಹಾಗೆ ಬಾಗಿದೆ,
ಕಳೆ ಕೊಯ್ಯುವ ಹೆಂಗಸರೆಲ್ಲ ಕುಡುಗೋಲು ಮಸೆಯುವುದು ಅಲ್ಲೇ.

ಈಗ ಪಿಳ್ಳಾರೆಡ್ಡಿಯ ಅರ್ಜಿ ಬಂದಿದೆ:
ವಾರಸುದಾರರಿಲ್ಲ, ಹೆಸರು ವಜಾ ಮಾಡಿ.
ಜಲ್ಲಿ ಕ್ರಷರಿಗೆ ಬಂಡೆ ಬೇಕು, ಅದು ಅರ್ಜಿಯಲ್ಲಿಲ್ಲ.
ಕಂಪ್ಯೂಟರು ಒಪ್ಪುತ್ತಿಲ್ಲ.
ತಂದೆಯ ಹೆಸರು ಕಡ್ಡಾಯ, ಅನ್ನುತ್ತದೆ ಕೆಂಪಕ್ಷರದಲ್ಲಿ.
ಸ್ವಲ್ಪ ಹೊತ್ತು ನಕ್ಕೆ. ಆಮೇಲೆ
ಸ್ಥಳ ತನಿಖೆ ಅಂತ ಬರೆದು ಬಸ್ಸು ಹತ್ತಿದೆ.

ಬಾವಿಯಲ್ಲಿ ಪಾಚಿ, ಒಂದು ಆಮೆ, ಒಂದು ಪ್ಲಾಸ್ಟಿಕ್ ಚಪ್ಪಲಿ.
ಗೋರಿಯ ಹತ್ತಿರ ಅಕ್ಕಲಮ್ಮ,
ಸುಂಕುಲಪ್ಪನ ಮರಿಮಗಳು.
ಕೂತ್ಕೋಮ್ಮಾ, ಈ ಕಲ್ಲು ಕಾಯಲ್ಲ, ಅಂದಳು.
ಕೂತೆ. ಮಹಜರು ಹಾಳೆ ಮಡಿಲಲ್ಲಿ.
ಅನುಭವದಲ್ಲಿ ಇರುವವರು ಯಾರು?
ಆ ಕಾಲಮ್ಮಿನಲ್ಲಿ ಪೆನ್ನು ನಿಂತಿದೆ.
ಅಕ್ಕಲಮ್ಮ ಅಂಗೈಗೆ ಉಗುಳಿಕೊಂಡು
ಕುಡುಗೋಲನ್ನು ಇನ್ನೊಂದು ಮಗ್ಗುಲಿಗೆ ಹೊರಳಿಸುತ್ತಾಳೆ.